ಬ್ಯಾಣದವನ ಮನೆಯ ಹುಡುಗ

ಇಸವಿ ಕೇಳಬೇಡಿ. ಪುನರ್ವಸು ಮಳೆಯೋ ಪುಷ್ಯ ಮಳೆಯೋ ಅನ್ನುವುದರಲ್ಲೇ ನನಗೂ ತಂಗಿಗೂ ಇವತ್ತಿಗೂ ತಕರಾರಿದೆ. ಅಡಿಕೆಗೆ ಎರಡನೇ ಸಲ ಕೊಳೆ ಮದ್ದು ಹೊಡೆಯಲು ಬಿಡುವು ಕೊಡದೆ ಸುರಿದ ಮಳೆ ಅನ್ನುವುದಕ್ಕೆ ಮಾತ್ರ ಇಬ್ಬರದೂ ಒಪ್ಪಿಗೆ. ಕೊನೆಗೌಡ ಎರಡು ದಿನ ಬೆಳಿಗ್ಗೆ ಬಂದು, ಜಗಲಿಯಲ್ಲಿ ಕೂತು, ಒಂದು ಕವಳ ಹಾಕಿ, ಮೋಡ ನೋಡಿ, ‘ಇವತ್ತೂ ಆಗ್ಲಿಕ್ಕಿಲ್ಲ’ ಅಂತ ವಾಪಸು ಹೋಗಿದ್ದ.

ನಾನು ಬೆಂಗಳೂರಿಂದ ಊರಿಗೆ ಹೋದದ್ದು ನಾಲ್ಕು ದಿನದ ಮಟ್ಟಿಗೆ. ಸಾಗರದಲ್ಲಿ ಬಸ್ಸಿಳಿದು ಮನೆ ಮುಟ್ಟುವಷ್ಟರಲ್ಲಿ ಚೀಲದಲ್ಲಿದ್ದ ಬಟ್ಟೆಯೆಲ್ಲ ತೊಪ್ಪೆ. ಪ್ಲಾಸ್ಟಿಕ್ ಕೊಟ್ಟೆಯೊಳಗೆ ಸುತ್ತಿಟ್ಟ ಒಂದು ಡಿವಿಡಿ ಮಾತ್ರ ನೆನೆದಿರಲಿಲ್ಲ. ‘ಕೋಲ್ಯಾ’ ಅಂತ ಒಂದು ಚೆಕ್ ಸಿನಿಮಾ. ಬೆಂಗಳೂರಿನಲ್ಲಿ ನಮ್ಮ ಗೆಳೆಯರ ಗುಂಪು ತಿಂಗಳಿಗೊಂದು ಸಿನಿಮಾ ಹಾಕುತ್ತಿತ್ತು; ಮೊದಲು ನಾಲ್ಕು ಮಾತು ಹೇಳುವ ಸರದಿ ಆ ಸಲ ನನ್ನದು. ಊರಲ್ಲಿ ಪುರುಸೊತ್ತಾಗಿ ಒಬ್ಬನೇ ಕೂತು ನೋಡಿ, ನೋಟ್ಸು ಮಾಡಿಕೊಂಡು ಬರುವ ಅಂದುಕೊಂಡಿದ್ದೆ.

ಮಲೆನಾಡಿನ ಮಳೆಗಾಲದಲ್ಲಿ ಒಬ್ಬನೇ ಕೂತು ಏನನ್ನಾದರೂ ಮಾಡುತ್ತೇನೆ ಅನ್ನುವುದು ಪೇಟೆಯವರ ಲೆಕ್ಕ. ಇಡೀ ಮನೆ ಒಂದೇ ಮಾಡಿನಡಿ ಇರುತ್ತದೆ. ಟೀವಿ ಹಚ್ಚಿದ ಸದ್ದಿಗೆ ದೊಡ್ಡಪ್ಪ ಆರಾಮಕುರ್ಚಿ ಎಳೆದುಕೊಂಡು ಬಂದರು. ಅವರ ಹಿಂದೆ ದೊಡ್ಡಮ್ಮ ಒಂದು ಮೊರದ ತುಂಬ ಹಲಸಿನ ಬೇಳೆ, ಒಂದು ಚೂರಿ ಹಿಡಿದು ಬಂದು ಗೋಡೆಗೆ ಒರಗಿ ಕೂತಳು. ತಂಗಿಯಂತೂ ಮೊದಲೇ ಇದ್ದಳು.

ನಮ್ಮ ಕಡೆಯವರಿಗೆ ಪರದೇಶದ ಸಿನಿಮಾ ಅಂದರೆ ಬೆರಗೇನಿಲ್ಲ. ಹೆಗ್ಗೋಡಿನಲ್ಲಿ ಸುಬ್ಬಣ್ಣನವರು ನೀನಾಸಂ ಚಿತ್ರಸಮಾಜ ಕಟ್ಟಿ, ಅಡಿಕೆ ಸುಲಿಯುವ ಕೈಗಳನ್ನು ಕರೆದು ಕೂರಿಸಿ ‘ಬೈಸಿಕಲ್ ಥೀವ್ಸ್’ ತೋರಿಸಿದವರು. ದೊಡ್ಡಪ್ಪ ಆ ಕಾಲದ ಪ್ರೇಕ್ಷಕರು. ದೊಡ್ಡಮ್ಮ ಮಾತ್ರ ಒಂದಕ್ಕೂ ಹೋದವಳಲ್ಲ. ‘ನೀವೆಲ್ಲ ಹೋದರೆ ಕೊಟ್ಟಿಗೆಗೆ ಯಾರು?’ ಅನ್ನುವುದು ಅವಳ ಪ್ರಶ್ನೆ.

‘ಎಂತ ಹೇಳ್ತಾ ಇದ್ದಾರೆ ಹೇಳು ತಮ್ಮಾ, ಸುಮ್ಮನೆ ಕೂರಬೇಡ’ ಅಂದಳು ಚಿತ್ರ ಶುರುವಾಗಿ ಐದು ನಿಮಿಷಕ್ಕೆ. ಕೆಳಗೆ ಇಂಗ್ಲಿಷ್ ಸಾಲುಗಳು ಓಡುತ್ತಿದ್ದವು. ಹೀಗೆ ನಾನು ದುಭಾಷಿಯಾದೆ.

ಪ್ರಾಗ್ ಊರು. ಕಮ್ಯುನಿಸ್ಟ್ ಸರ್ಕಾರದ ಕಡೇ ದಿನಗಳು, ಆದರೆ ಕಡೇ ದಿನಗಳು ಅಂತ ಯಾರಿಗೂ ಗೊತ್ತಿಲ್ಲ. ಫ್ರಾಂಟಿಷೆಕ್ ಲೌಕಾ ಅನ್ನುವ ಐವತ್ತು ದಾಟಿದ ಬ್ರಹ್ಮಚಾರಿ. ಬ್ರಹ್ಮಚಾರಿ ಅಂದರೆ ಮದುವೆಯಾಗದವ ಅಂತಷ್ಟೇ. ಉಳಿದ ವಿಷಯವನ್ನು ನಾನು ದೊಡ್ಡಮ್ಮನಿಗೆ ಅನುವಾದಿಸಲಿಲ್ಲ. ಚೆಲ್ಲೋ ನುಡಿಸುತ್ತಾನೆ. ಹಿಂದೆ ದೇಶದ ದೊಡ್ಡ ವಾದ್ಯವೃಂದ ಚೆಕ್ ಫಿಲ್ಹಾರ್ಮೋನಿಕ್‌ನಲ್ಲಿ ಇದ್ದವ, ಈಗ ಹೆಣ ಸುಡುವಲ್ಲಿ ನುಡಿಸಿ ಹೊಟ್ಟೆ ಹೊರೆಯುತ್ತಾನೆ. ಅದು ಸಾಲದೆ ಸಮಾಧಿಕಲ್ಲಿನ ಅಳಿಸಿಹೋದ ಅಕ್ಷರಕ್ಕೆ ಬಣ್ಣ ತುಂಬುವ ಕೆಲಸ ಬೇರೆ. ಮೈತುಂಬ ಸಾಲ. ಆಸೆ ಒಂದೇ, ಒಂದು ಟ್ರಾಬಾಂಟ್ ಕಾರು ಕೊಳ್ಳುವುದು. ಟ್ರಾಬಾಂಟ್ ಅಂದರೆ ಪೂರ್ವ ಜರ್ಮನಿಯವರು ಮಾಡುತ್ತಿದ್ದ, ನಮ್ಮ ಹಳೇ ಸ್ಕೂಟರಿನ ಹಾಗೆ ಟು-ಸ್ಟ್ರೋಕ್ ಎಂಜಿನ್ನಿನ, ಹೊಗೆ ಉಗುಳುವ ಪುಟ್ಟ ಕಾರು.

‘ಹೆಣ ಸುಡುವಲ್ಲಿ ಪಿಟೀಲು ಬಾರಿಸ್ತಾರಾ?’ ಅಂತ ದೊಡ್ಡಮ್ಮ. ಅವಳಿಗೆ ಚೆಲ್ಲೋ ಕಡೆಯವರೆಗೂ ‘ದೊಡ್ಡ ಪಿಟೀಲು’. ಒಂದು ಬೇಳೆಯ ಸಿಪ್ಪೆ ಬಿಡಿಸಿ ಮುಗಿಸಿ, ‘ಅಲ್ಲ, ಅವರು ಹುಗಿಯುವವರಲ್ಲವಾ?’ ಅಂತ ಇನ್ನೊಂದು.

ಒಳ್ಳೇ ಪ್ರಶ್ನೆಯೇ. ಯುರೋಪಿನಲ್ಲಿ ಹೆಣ ಸುಡುವ ರೂಢಿ ಬಹಳ ಇರುವ ದೇಶಗಳಲ್ಲಿ ಅದೂ ಒಂದು ಅಂದೆ. ಅವಳಿಗೆ ಆ ಜನದ ಮೇಲೆ ಒಂದು ಥರದ ಭರವಸೆ ಬಂದ ಹಾಗೆ ಕಂಡಿತು. ವಾದ್ಯದವರೆಲ್ಲ ಮೇಲೊಂದು ಕಡೆ ಕೂತು ನುಡಿಸುವುದು, ಗಾಯಕಿ ಕ್ಲಾರಾ ಗಂಭೀರವಾಗಿ ಹಾಡುವುದು, ಲೌಕಾ ತನ್ನ ಕಮಾನಿನ ತುದಿಯಿಂದ ಹಿಂದಿನಿಂದ ಅವಳ ಲಂಗ ಎತ್ತುವುದು. ಅದನ್ನು ಯಾರೂ ಅನುವಾದಿಸಬೇಕಾಗಲಿಲ್ಲ. ದೊಡ್ಡಪ್ಪ ಕೆಮ್ಮಿದರು. ದೊಡ್ಡಮ್ಮ ‘ಥೂ, ಕೆಟ್ಟ ಮುದುಕ’ ಅಂತ ಮೊರದ ಕಡೆಗೆ ನೋಡುತ್ತ ನಕ್ಕಳು.

ಅವನ ಹೆಸರಿನ ವಿಷಯ ಹೇಳಿದ್ದು ನನ್ನದೇ ತಪ್ಪು. ಲೌಕಾ ಅಂದರೆ ಚೆಕ್ ಮಾತಿನಲ್ಲಿ ಹುಲ್ಲುಗಾವಲು. ‘ಅಂದರೆ ನಮ್ಮ ಬ್ಯಾಣ’ ಅಂದಳು ದೊಡ್ಡಮ್ಮ. ಆವತ್ತಿನಿಂದ ಅವನು ಬ್ಯಾಣದವ. ಈ ಸಿನಿಮಾದ ನಾಯಕನ ಹೆಸರನ್ನು ಈಗಲೂ ನಾನು ಸ್ವಲ್ಪ ತಡೆದೇ ನೆನಪಿಸಿಕೊಳ್ಳುತ್ತೇನೆ, ಮೊದಲು ಬಾಯಿಗೆ ಬರುವುದು ಬ್ಯಾಣದವ.

‘ಅಷ್ಟು ದೊಡ್ಡ ಮೇಳದಲ್ಲಿದ್ದವ ಮಸಣಕ್ಕೆ ಯಾಕೆ ಬಂದ?’ ಈ ಸಲ ಕೇಳಿದ್ದು ದೊಡ್ಡಪ್ಪ. ಸರ್ಕಾರದ ಕಣ್ಣಿಗೆ ಬೇಡದವನಾದ, ಅದಕ್ಕೆ ಹೊರಗೆ ಹಾಕಿದರು ಅಂದೆ. ದೊಡ್ಡಪ್ಪ ಹೂಂಗುಟ್ಟಿ ಕವಳದ ಸಂಚಿ ಬಿಚ್ಚಿದರು. ಅವರು ಸಂಚಿ ಬಿಚ್ಚಿದರೆ ಮಾತಿದೆ ಅಂತ ಅರ್ಥ. ನಾನು ಚಿತ್ರ ನಿಲ್ಲಿಸಿದೆ.

ದೊಡ್ಡಪ್ಪ ಲೋಹಿಯಾ ಪಂಗಡದ ಸಮಾಜವಾದಿ. 1951ರಲ್ಲಿ ಕಾಗೋಡು ಸತ್ಯಾಗ್ರಹಕ್ಕೆ ಲೋಹಿಯಾ ಸಾಗರಕ್ಕೆ ಬಂದು ಬಂಧನವಾದದ್ದು ಅವರ ಜೀವಮಾನದ ದೊಡ್ಡ ಘಟನೆ. ಕಣ್ಣಾರೆ ನೋಡಿದ್ದರೋ, ಹೇಳಿ ಹೇಳಿ ನೋಡಿದ ಹಾಗೆ ಆಗಿತ್ತೋ, ನಾವು ಯಾರೂ ಕೆದಕಲು ಹೋದವರಲ್ಲ. ಅವತ್ತು ಅವರು ಹೇಳಿದ್ದು 1968ರ ಆಗಸ್ಟಿನ ಮಾತು. ದುಬ್ಚೆಕ್ ಅನ್ನುವ ನಾಯಕ ಸಮಾಜವಾದಕ್ಕೆ ಮನುಷ್ಯನ ಮುಖ ಕೊಡುತ್ತೇನೆ ಅಂತ ಹೊರಟಿದ್ದ, ಸೋವಿಯತ್ ಟ್ಯಾಂಕುಗಳು ರಾತ್ರೋರಾತ್ರಿ ಪ್ರಾಗಿಗೆ ನುಗ್ಗಿದವು, ರೇಡಿಯೋದಲ್ಲಿ ಸುದ್ದಿ ಕೇಳಿ ಊಟ ಬಿಟ್ಟೆದ್ದೆ ಅಂದರು. ‘ಲೋಹಿಯಾ ತೀರಿಕೊಂಡು ಇನ್ನೂ ವರ್ಷ ಆಗಿರಲಿಲ್ಲ. ಇದ್ದಿದ್ದರೆ ಸುಮ್ಮನೆ ಕೂರುತ್ತಿರಲಿಲ್ಲ.’

‘ಊಟ ಬಿಟ್ಟದ್ದು ಅದಕ್ಕಲ್ಲ, ಹುಳಿಗೆ ಉಪ್ಪು ಜಾಸ್ತಿ ಆಗಿತ್ತು’ ಅಂದಳು ದೊಡ್ಡಮ್ಮ.

ನನಗೆ ರಷ್ಯಾ ಅಂದರೆ ಟ್ಯಾಂಕು ಅಲ್ಲ, ಕಾಗದ. ‘ಸೋವಿಯತ್ ಲ್ಯಾಂಡ್’ ಅಂತ ಒಂದು ಪತ್ರಿಕೆ ಬರುತ್ತಿತ್ತು, ಕನ್ನಡದಲ್ಲೂ ಬರುತ್ತಿತ್ತು. ಓದಿದವರು ಎಷ್ಟು ಜನವೋ, ನಮ್ಮ ಶಾಲೆಯಲ್ಲಿ ಜೂನ್ ಬಂತೆಂದರೆ ಪಠ್ಯಪುಸ್ತಕಕ್ಕೆ ಬೈಂಡು ಹಾಕಲು ಅದರ ಹಾಳೆಗೆ ಹೊಡೆದಾಟ. ಎಷ್ಟು ನುಣುಪು ಅಂದರೆ ಗಂಜಿಯ ಅಂಟು ಹಚ್ಚಿದ ಹೆಸರಿನ ಚೀಟಿ ಮಧ್ಯಾಹ್ನದೊಳಗೆ ಬಿದ್ದುಹೋಗುತ್ತಿತ್ತು. ನನ್ನ ಗಣಿತದ ಪುಸ್ತಕದ ಮೇಲೆ ಟ್ರಾಕ್ಟರಿನಲ್ಲಿ ಕೂತು ನಗುವ ಹೆಂಗಸೊಬ್ಬಳು ವರ್ಷವಿಡೀ ಇದ್ದಳು. ಅದೇ ರಷ್ಯಾದ ಹೆಸರು ಕೇಳಿದರೆ ಉರಿದುಬೀಳುವ ಲೌಕಾನ ತಾಯಿಯನ್ನು ತೆರೆಯ ಮೇಲೆ ನೋಡುವಾಗ ನನಗೆ ಸ್ವಲ್ಪ ಕಸಿವಿಸಿಯೇ ಆಯಿತು. ಎಲ್ಲಿಗೆ ಹೋದೆ ನೋಡಿ. ಸಿನಿಮಾಕ್ಕೆ ಬರುತ್ತೇನೆ.

ಮಸಣದಲ್ಲಿ ಗುಂಡಿ ತೋಡುವ ಗೆಳೆಯ ಬ್ರೋಜ್ ಬಂದು ಲೌಕಾನಿಗೆ ಒಂದು ದಾರಿ ತೋರಿಸುತ್ತಾನೆ. ನಾದೆಜ್ದಾ ಅನ್ನುವ ರಷ್ಯದ ಹೆಂಗಸಿಗೆ ಆ ದೇಶದ ಕಾಗದಪತ್ರ ಬೇಕು. ದಾಖಲೆಗೆ ಮಾತ್ರ ಒಂದು ಮದುವೆಯಾದರೆ ಕೈತುಂಬ ದುಡ್ಡು. ಟ್ರಾಬಾಂಟಿನ ಆಸೆಗೆ ಲೌಕಾ ಒಪ್ಪಿಬಿಡುತ್ತಾನೆ. ಮದುವೆಯಾದದ್ದೇ ಹೆಂಗಸು ಆ ಕಾಗದ ಹಿಡಿದು ಪಶ್ಚಿಮ ಜರ್ಮನಿಗೆ, ತನ್ನ ಪ್ರೀತಿಯವನ ಹತ್ತಿರ ಹೋಗಿಬಿಡುತ್ತಾಳೆ. ಐದು ವರ್ಷದ ಮಗ ಕೋಲ್ಯಾ ‘ಬಾಬುಷ್ಕಾ’ ಅಂತ ಕರೆಯುವ ಮುದುಕಿಯ ಹತ್ತಿರ ಉಳಿಯುತ್ತಾನೆ. ಆ ಮುದುಕಿಗೆ ಪಾರ್ಶ್ವವಾಯು ಹೊಡೆದು ಆಸ್ಪತ್ರೆ ಸೇರಿದಾಗ ಹುಡುಗ, ಒಂದು ಪೆಟ್ಟಿಗೆ ಸಮೇತ, ಕಾಗದದ ಅಪ್ಪನ ಬಾಗಿಲಿಗೆ.

ಇಲ್ಲಿಂದ ದೊಡ್ಡಮ್ಮನ ಚೂರಿ ನಿಂತಿತು. ನಾನು ಗಮನಿಸಿದ್ದು ಆಮೇಲೆ. ಮೊರದಲ್ಲಿ ಸುಲಿಯದ ಬೇಳೆ ಹಾಗೇ ಉಳಿದಿತ್ತು.

ಮುದುಕನಿಗೆ ರಷ್ಯನ್ ಅಷ್ಟಕ್ಕಷ್ಟೆ, ಹುಡುಗನಿಗೆ ಚೆಕ್ ಬಾರದು. ಎರಡೂ ಅಕ್ಕತಂಗಿ ಭಾಷೆ, ಅದೇ ತೊಂದರೆ. ಸರ್ಕಾರದ ಯಾವುದೋ ಹಬ್ಬಕ್ಕೆ ಕಿಟಕಿಗೆ ಎರಡು ಬಾವುಟ ಕಟ್ಟಬೇಕು, ಒಂದು ತಮ್ಮದು, ಒಂದು ಸೋವಿಯತ್. ಸೋವಿಯತ್ ಬಾವುಟ ನೋಡಿ ಹುಡುಗನಿಗೆ ಊರಿನವರನ್ನು ಕಂಡಷ್ಟು ಖುಷಿ. ನಮ್ಮದು ‘ಕ್ರಾಸ್ನಿ’ ಅನ್ನುತ್ತಾನೆ. ರಷ್ಯನ್‌ನಲ್ಲಿ ಕ್ರಾಸ್ನಿ ಅಂದರೆ ಕೆಂಪು. ಚೆಕ್‌ನಲ್ಲಿ ಹೆಚ್ಚುಕಮ್ಮಿ ಅದೇ ಸದ್ದಿನ ಮಾತಿಗೆ ಚಂದ ಅಂತ ಅರ್ಥ. ಮುದುಕ ಸಿಡುಕಿ, ಚಂದದ್ದು ನಮ್ಮದು, ನಿಮ್ಮದು ಬರೀ ಕೆಂಪು ಅಂತ ತಿದ್ದಲು ಹೋಗುತ್ತಾನೆ. ಅವನು ತಿದ್ದಿದಷ್ಟೂ ಹುಡುಗ ಕೆಂಪು ಕೆಂಪು ಅಂತ ಹಿಗ್ಗುತ್ತಾನೆ. ಹಳೇ ರಷ್ಯನ್‌ನಲ್ಲಿ ಕೆಂಪಿನ ಮಾತಿಗೇ ಚಂದ ಅನ್ನುವ ಅರ್ಥವೂ ಇತ್ತಂತೆ, ಮಾಸ್ಕೋದ ಕೆಂಪು ಚೌಕಕ್ಕೆ ಆ ಹೆಸರು ಬಂದದ್ದು ಹಾಗೆ. ಇದನ್ನೆಲ್ಲ ಕನ್ನಡದಲ್ಲಿ ಬಿಡಿಸಿ ಹೇಳಲು ಹೋಗಿ ನಾನು ಪೂರಾ ಗೋಜಲು ಮಾಡಿದೆ. ಜೋಕು ಹೇಳಿ ವಿವರಣೆಯನ್ನೂ ಕೊಟ್ಟವನ ಮುಖ ಹೇಗಿರುತ್ತದೆ ಅಂತ ನಿಮಗೆ ಗೊತ್ತು.

‘ಅವಸರಂ ಲೇದು ಕತೆಯಲ್ಲವಾ ಅದು?’ ಅಂದಳು ದೊಡ್ಡಮ್ಮ.

ಎಷ್ಟೋ ವರ್ಷದ ಹಿಂದೆ ರಸ್ತೆ ಕೆಲಸಕ್ಕೆ ಆಂಧ್ರದ ಕಡೆಯ ಕುಟುಂಬಗಳು ಬಂದು ನಮ್ಮ ಅಂಗಳದಾಚೆಯ ಮಾಡಿನಲ್ಲಿ ಇದ್ದವು. ಬಿಸಿಲು ಹೊತ್ತಲ್ಲಿ ಒಬ್ಬಳು ಹೆಂಗಸು ಕಲ್ಲು ಹೊತ್ತು ಬಂದಿದ್ದಳು, ದೊಡ್ಡಮ್ಮ ಒಂದು ಚೊಂಬು ಮಜ್ಜಿಗೆ ಹಿಡಿದು ಹೋದಳು. ಆಕೆ ಸಂಕೋಚದಿಂದ ‘ಅವಸರಂ ಲೇದು’ ಅಂದಳು. ತೆಲುಗಿನಲ್ಲಿ ಬೇಕಾಗಿಲ್ಲ ಅಂತ. ದೊಡ್ಡಮ್ಮ, ಅವಸರ ಇಲ್ಲವಂತೆ, ನಿಧಾನಕ್ಕೆ ಕುಡಿಯುತ್ತಾಳೆ ಅಂತ ಚೊಂಬು ಹಿಡಿದು ನಿಂತೇ ನಿಂತಳು. ಇವಳು ಹೋಗುವುದನ್ನೇ ಆಕೆಯೂ ಕಾಯುತ್ತ ನಿಂತಳು. ಅರ್ಧ ಗಳಿಗೆ ಇಬ್ಬರೂ ಮುಖ ಮುಖ ನೋಡಿ, ಕಡೆಗೆ ಪಾಪ ಆ ಹೆಂಗಸು, ಈ ಅಮ್ಮ ಬಿಡುವವಳಲ್ಲ ಅಂತ ಗಟಗಟ ಕುಡಿದು ಮುಗಿಸಿದಳು.

ಬೆಂಗಳೂರಿಗೆ ಹೋಗಿ ಗೆಳೆಯರ ಮುಂದೆ ನಾನು ಮಾಡಿದ ಪರಿಚಯ ಭಾಷಣದಲ್ಲಿ ಸ್ವಲ್ಪವಾದರೂ ಜೀವ ಇದ್ದದ್ದು ಈ ಮಜ್ಜಿಗೆಯ ಕತೆಯಲ್ಲಿ.

ಒಂದು ಕಡೆ ಮಾತ್ರ ದೊಡ್ಡಮ್ಮನಿಗೆ ಸಿಟ್ಟು ಬಂತು. ಹಳ್ಳಿಯಲ್ಲಿರುವ ಲೌಕಾನ ತಾಯಿಯ ಮನೆಗೆ ಸೋವಿಯತ್ ಸೈನಿಕರು ಬರುತ್ತಾರೆ. ಇಪ್ಪತ್ತು ವರ್ಷ ಕಳೆದರೂ ಬಂದ ಸೈನ್ಯ ವಾಪಸು ಹೋಗಿಲ್ಲ. ಆ ಹುಡುಗರು ಕೈ ತೊಳೆಯಲು ನೀರು ಕೇಳುತ್ತಾರೆ. ಮುದುಕಿ ನೀರು ಬರುತ್ತಿಲ್ಲ ಅಂತ ಸುಳ್ಳು ಹೇಳಿ ಕಳಿಸುತ್ತಾಳೆ. ಕೋಲ್ಯಾನಿಗೋ ತನ್ನ ಮಾತಾಡುವವರು ಸಿಕ್ಕರು ಅಂತ ಅವರನ್ನು ಕಂಡು ಹಿಗ್ಗು.

‘ನೀರಿಲ್ಲ ಅಂತ ಹೇಳಬಾರದಿತ್ತು. ಯಾರೇ ಆಗಲಿ’ ಅಂದಳು ದೊಡ್ಡಮ್ಮ.

‘ಮನೆ ನುಗ್ಗಿದವರು ಅವರು’ ಅಂತ ದೊಡ್ಡಪ್ಪ.

‘ನುಗ್ಗಿದವರು ದೊಡ್ಡವರು. ಇವು ಹುಡುಗರು.’

ದೊಡ್ಡಪ್ಪ ಸುಣ್ಣದ ಡಬ್ಬಿ ಹುಡುಕತೊಡಗಿದರು. ನಾನು ಯಾರ ಕಡೆ ಅಂತ ನನಗೆ ಈಗಲೂ ತೀರ್ಮಾನವಾಗಿಲ್ಲ. ಇಪ್ಪತ್ತೊಂದು ವರ್ಷ ಅಂಗಳದ ಮುಂದೆ ಪರರ ಲಾರಿ ಓಡುವುದನ್ನು ನೋಡಿದ್ದರೆ ನಾನೂ ನಲ್ಲಿ ಕೆಟ್ಟಿದೆ ಅನ್ನುತ್ತಿದ್ದೆನೋ ಏನೋ.

ಹುಡುಗ ನಿಧಾನಕ್ಕೆ ಹೊಂದಿಕೊಳ್ಳುತ್ತಾನೆ. ಮುದುಕನ ಜೊತೆ ಮಸಣಕ್ಕೆ ಹೋಗಿ ಹೋಗಿ, ಬೊಂಬೆಯಾಟದ ಪುಟ್ಟ ಪೆಟ್ಟಿಗೆ ಸಿಕ್ಕರೆ ಅದರಲ್ಲಿ ಶವಸಂಸ್ಕಾರದ ಆಟ ಆಡುತ್ತಾನೆ. ಆಮೇಲೆ ಆ ದೃಶ್ಯ. ಹುಡುಗ ಸ್ನಾನದ ತೊಟ್ಟಿಯಲ್ಲಿ ಕೂತಿದ್ದಾನೆ. ಕೈಗೆ ಷವರಿನ ಹಿಡಿ ಸಿಕ್ಕಿದೆ. ಅದನ್ನು ಫೋನಿನ ಹಾಗೆ ಕಿವಿಗೆ ಹಿಡಿದು ಬಾಬುಷ್ಕಾಳ ಹತ್ತಿರ ಮಾತಾಡುತ್ತಾನೆ. ಸಣ್ಣ ದನಿ. ಮುದುಕ ಆಚೆ ನಿಂತು ಕೇಳಿಸಿಕೊಳ್ಳುತ್ತಿದ್ದಾನೆ.

ನಾನು ಬಾಯಿ ತೆರೆದೆ. ದೊಡ್ಡಮ್ಮ ನನ್ನ ಕಡೆ ನೋಡದೆಯೇ ಅಂಗೈ ಎತ್ತಿದಳು, ಬೇಡ ಅಂತ.

ಅಲ್ಲಿಗೆ ಕರೆಂಟು ಹೋಯಿತು. ಎಲ್ಲೋ ಲೈನಿನ ಮೇಲೆ ಮರ ಬಿದ್ದಿರಬೇಕು. ಮಳೆಯ ಸದ್ದು ಒಮ್ಮೆಲೇ ಹತ್ತಿರ ಬಂತು. ತಂಗಿ ಬೆಂಕಿಪೊಟ್ಟಣ ಹುಡುಕುವಾಗ ಏನನ್ನೋ ಬೀಳಿಸಿದಳು. ಒಲೆಯ ಕೆಂಡದಲ್ಲಿ ಹಲಸಿನ ಹಪ್ಪಳ ಸುಟ್ಟು, ತೆಂಗಿನೆಣ್ಣೆ ಸವರಿ, ಕಾಯಿಚೂರಿನ ಜೊತೆ ತಿಂದೆವು. ಕಷಾಯವೂ ಇತ್ತು ಅಂತ ನನ್ನ ನೆನಪು, ತಂಗಿ ಇಲ್ಲ ಅನ್ನುತ್ತಾಳೆ.

ಕತ್ತಲಲ್ಲಿ ಕೂತು ನನಗೆ ಗೊತ್ತಿದ್ದ ಹೊರಕತೆ ಹೇಳಿದೆ. ಸಿನಿಮಾದ ನಿರ್ದೇಶಕ ಯಾನ್ ಸ್ವೆರಾಕ್. ಲೌಕಾನ ಪಾತ್ರ ಮಾಡಿದ, ಚಿತ್ರಕತೆಯನ್ನೂ ಬರೆದ ಜ್ದೆನೆಕ್ ಸ್ವೆರಾಕ್ ಅವನ ಅಪ್ಪ. 1996ರ ಚಿತ್ರ, ಮರುವರ್ಷ ಪರಭಾಷೆಯ ಅತ್ಯುತ್ತಮ ಚಿತ್ರ ಅಂತ ಆಸ್ಕರ್ ಬಂತು. ಕ್ಲಾರಾ ಆಗಿ ಮಾಡಿದ ಲಿಬುಷೆ ಶಾಫ್ರಾನ್ಕೋವಾ ಹುಡುಗಿಯಾಗಿದ್ದಾಗ ಸಿಂಡರೆಲ್ಲಾ ಆಗಿದ್ದಳು. 1973ರ ಆ ಚಿತ್ರವನ್ನು ಅಲ್ಲಿ ಕ್ರಿಸ್‌ಮಸ್ಸಿಗೆ ಟೀವಿಯಲ್ಲಿ ಹಾಕದೆ ಇದ್ದರೆ ಹಬ್ಬವೇ ಆಗುವುದಿಲ್ಲ. ದೊಡ್ಡಪ್ಪನಿಗೆ ಆಸ್ಕರಿಗಿಂತ ಅಪ್ಪನನ್ನು ಮಗ ಹೇಳಿದ ಹಾಗೆ ಕುಣಿಸಿದ್ದು ವಿಶೇಷ ಅನ್ನಿಸಿತು. ‘ನಮ್ಮಲ್ಲಿ ಒಂದು ಅಗಳ ತೋಡಿಸುವುದಕ್ಕೂ ಅಪ್ಪ ಮಗನಿಗೆ ಒಮ್ಮತ ಆಗುವುದಿಲ್ಲ’ ಅಂದರು. ದೊಡ್ಡಮ್ಮ ಕತ್ತಲಲ್ಲಿ ಏನೂ ಹೇಳಲಿಲ್ಲ. ಬೇಗ ಮಲಗಿದಳು.

ಕರೆಂಟು ಬಂದದ್ದು ಮರುದಿನ ಸಂಜೆಗೆ. ಉಳಿದದ್ದನ್ನು ನೋಡಿದೆವು. ಮೆಟ್ರೋದಲ್ಲಿ ಹುಡುಗ ಕೈ ತಪ್ಪಿಹೋಗುವುದು, ಜ್ವರ ಬಂದು ಮಲಗುವುದು, ಗುಪ್ತ ಪೊಲೀಸರು ಲೌಕಾನನ್ನು ಕರೆಸಿ ಆ ಕಾಗದದ ಮದುವೆಯ ಬಗ್ಗೆ ತನಿಖೆ ಮಾಡುವುದು, ಹುಡುಗನನ್ನು ಒಯ್ಯಲು ಅಧಿಕಾರಿಗಳು ಬಂದಾರು ಅಂತ ಅವನನ್ನು ಕಟ್ಟಿಕೊಂಡು ಊರು ಬಿಡುವುದು. ಅಷ್ಟರಲ್ಲಿ 1989ರ ನವೆಂಬರ್. ಪ್ರಾಗಿನ ವೆನ್ಸೆಸ್ಲಾಸ್ ಚೌಕದಲ್ಲಿ ಜನಸಾಗರ. ಎಲ್ಲರೂ ಜೇಬಿನಿಂದ ಮನೆಯ ಬೀಗದ ಕೈ ಗೊಂಚಲು ತೆಗೆದು ಮೇಲೆತ್ತಿ ಕುಲುಕುತ್ತಾರೆ. ಮುಗಿಯಿತು, ಹೊರಡಿ ಅಂತ ಸರ್ಕಾರಕ್ಕೆ. ನಿಜವಾಗಿಯೂ ಹಾಗೆಯೇ ಆದದ್ದು. ಆ ವರ್ಷ ಮುಗಿಯುವುದರೊಳಗೆ ನಾಟಕಕಾರ ಹಾವೆಲ್ ಅಧ್ಯಕ್ಷ. ಆ ಗುಂಪಿನಲ್ಲಿ, ತನ್ನನ್ನು ಕೂರಿಸಿ ಹೆದರಿಸಿದ್ದ ಗುಪ್ತ ಪೊಲೀಸಿನವರೂ ಬೀಗದ ಕೈ ಕುಲುಕುತ್ತ ನಿಂತಿರುವುದನ್ನು ಲೌಕಾ ನೋಡುತ್ತಾನೆ. ದೊಡ್ಡಪ್ಪ ಕುರ್ಚಿಯಲ್ಲಿ ನೆಟ್ಟಗೆ ಕೂತು, ‘ಇದು! ಇದು ಸಿನಿಮಾ!’ ಅಂದರು. ನಮ್ಮ ತುರ್ತು ಪರಿಸ್ಥಿತಿ ಮುಗಿದ ಮರುದಿನ ಸನ್ಮಾನಕ್ಕೆ ಮುಂದೆ ಬಂದ ಕೆಲವರ ಹೆಸರು ಅವರ ನಾಲಗೆ ತುದಿಗೆ ಬಂದಿತ್ತು, ಆದರೆ ಸಂಚಿ ಬಿಚ್ಚಲಿಲ್ಲ.

ಗಡಿ ತೆರೆದ ಮೇಲೆ ಆಗಬೇಕಾದದ್ದೇ ಆಗುತ್ತದೆ. ನಾದೆಜ್ದಾ ಮಗನನ್ನು ಕರೆದೊಯ್ಯಲು ಬರುತ್ತಾಳೆ. ಲೌಕಾ ತನ್ನ ಹಳೇ ಜಾಗಕ್ಕೆ ಮರಳಿ, ಸ್ಮೆಟಾನಾನ ‘ಮಾ ವ್ಲಾಸ್ಟ್’ ನುಡಿಸುತ್ತಾನೆ. 1948ರಲ್ಲಿ ದೇಶ ಬಿಟ್ಟಿದ್ದ ಕುಬೆಲಿಕ್ 1990ರಲ್ಲಿ ಬಂದು ನಡೆಸಿಕೊಟ್ಟ ಕಛೇರಿ ಅದು. ಕ್ಲಾರಾ ಬಸುರಿ. ಹುಡುಗ ವಿಮಾನದಲ್ಲಿ, ಕಿಟಕಿಯಾಚೆ ಮೋಡ. ಮಸಣದಲ್ಲಿ ಕ್ಲಾರಾ ಹಾಡುತ್ತಿದ್ದ ಹಾಡನ್ನೇ ತನ್ನಷ್ಟಕ್ಕೆ, ಚೆಕ್ ಭಾಷೆಯಲ್ಲಿ ಗುನುಗುತ್ತಾನೆ. ಡ್ವೊರಾಕ್ ನ್ಯೂಯಾರ್ಕಿನಲ್ಲಿದ್ದಾಗ ರಾಗ ಹಾಕಿದ ಕೀರ್ತನೆ, ದೇವರು ಕುರುಬನಾಗಿ ಹಸಿರು ಹುಲ್ಲಿಗೆ ಕರೆದೊಯ್ಯುತ್ತಾನೆ ಅನ್ನುವ ತಾತ್ಪರ್ಯದ್ದು.

‘ಬ್ಯಾಣಕ್ಕೆ’ ಅಂದಳು ತಂಗಿ ನಗುತ್ತ. ತಿರುಗಿ ನೋಡಿದರೆ ದೊಡ್ಡಮ್ಮ ಇರಲಿಲ್ಲ. ಯಾವಾಗ ಎದ್ದು ಹೋದಳೋ.

ಬೆಳಿಗ್ಗೆ ನಾನು ಸ್ನಾನಕ್ಕೆ ಹೋದಾಗ ಬಚ್ಚಲೊಲೆಗೆ ಅಡಿಕೆ ಹಾಳೆ ತುರುಕುತ್ತ ಕೂತಿದ್ದಳು. ಮೂಲೆಯಲ್ಲಿ ತಳ ಸೋರುತ್ತದೆ ಅಂತ ಮಗ್ಗುಲಾಗಿಸಿ ಇಟ್ಟ ಹಳೇ ತಾಮ್ರದ ಹಂಡೆ, ನಾನು ಹುಟ್ಟುವ ಮೊದಲಿಂದ ಅಲ್ಲೇ ಇರುವುದು.

‘ಅವನೂ ಹೀಗೆ ಮಾತಾಡ್ತಿದ್ದ’ ಅಂದಳು.

ಯಾರು ಅಂತ ಕೇಳಬೇಕಾಗಲಿಲ್ಲ. ಅವಳ ತಂಗಿಗೆ ಕ್ಷಯ ಆಗಿ ಆಸ್ಪತ್ರೆ ಸೇರಿದಾಗ, ಅವಳ ಮಗ ಮೂರು ವರ್ಷದವ ಇಲ್ಲಿಗೆ ಬಂದಿದ್ದ. ಎರಡೂವರೆ ವರ್ಷ ಇದ್ದ. ನನಗೆ ಅವನ ಜೊತೆ ಗೋಟಡಿಕೆ ಹೆಕ್ಕಿದ್ದು, ಜಗಳಾಡಿದ್ದು ನೆನಪಿದೆ, ಇದು ಗೊತ್ತಿರಲಿಲ್ಲ. ಸ್ನಾನ ಮಾಡಿಸಿ ಒರೆಸಿ ಬಿಟ್ಟರೆ ಬರಿ ಮೈಯಲ್ಲೇ ಹೋಗಿ ಆ ಹಂಡೆಯೊಳಗೆ ತಲೆ ಹಾಕುತ್ತಿದ್ದನಂತೆ. ‘ಅಮ್ಮಾ, ಜ್ವರ ಹೋಯ್ತಾ?’ ಅಂತ ಕೇಳುತ್ತಿದ್ದನಂತೆ. ಹಂಡೆ ‘ತಾ… ತಾ…’ ಅಂತ ಗುಂಯ್‌ಗುಡುತ್ತಿತ್ತು. ಹೋಯ್ತಂತೆ ದೊಡ್ಡಮ್ಮಾ ಅಂತ ಬಂದು ವರದಿ ಮಾಡುತ್ತಿದ್ದ.

‘ಒಂದಿನ ನಿಜವಾಗಿ ಹೋಯ್ತು. ಅವರಪ್ಪ ಕಾರು ಮಾಡಿಸಿಕೊಂಡು ಬಂದ. ಇದಕ್ಕೆ ಕಾರು ಹತ್ತುವ ಸಂಭ್ರಮ, ತಿರುಗಿಯೂ ನೋಡಲಿಲ್ಲ.’ ಊದುಗೊಳವೆಯಿಂದ ಒಮ್ಮೆ ಊದಿದಳು. ‘ನೀರು ಕಾದಿದೆ, ಬೇಗ ಮಿಂದು ಬಾ. ತೆಳ್ಳೇವು ಆರಿ ಹೋಗ್ತದೆ.’

ಅವನು ಈಗ ದೊಡ್ಡ ಊರಲ್ಲಿ ಚೆನ್ನಾಗಿದ್ದಾನೆ, ದೀಪಾವಳಿಗೆ ತಪ್ಪದೆ ಫೋನು ಮಾಡುತ್ತಾನೆ. ದೊಡ್ಡಮ್ಮ ಫೋನಿನಲ್ಲಿ ಕೇಳುವುದು, ಮಳೆ ಹೇಗಿದೆ ಅಂತ.

ರಾತ್ರಿ ಒಂಬತ್ತಕ್ಕೆ ನನ್ನ ಬಸ್ಸು. ಸಂಜೆ ಚೀಲ ಕಟ್ಟುತ್ತಿದ್ದೆ, ಡಿವಿಡಿಯನ್ನು ಕೊಟ್ಟೆಯೊಳಗೆ ಹಾಕುವುದನ್ನು ನೋಡಿ ದೊಡ್ಡಮ್ಮ ಬಾಗಿಲಲ್ಲಿ ನಿಂತಳು.

‘ಇನ್ನೊಂದು ಸಲ ಹಾಕು. ಮಾತು ಹೇಳುವುದು ಬೇಡ. ಆ ವಿಮಾನ ಬರುವುದರೊಳಗೆ ನಿಲ್ಲಿಸು.’

ಹಾಕಿದೆ. ಈ ಸಲ ಅವಳು ಮೊರ ತರಲಿಲ್ಲ. ಬಾವುಟದ ಹತ್ತಿರ ಒಮ್ಮೆ ನಕ್ಕಳು, ನೀರಿನ ಹತ್ತಿರ ಮತ್ತೆ ‘ಹೇಳಬಾರದಿತ್ತು’ ಅಂದಳು. ಚೌಕದಲ್ಲಿ ಬೀಗದ ಕೈಗಳು ಕುಣಿಯುವಾಗ ರಿಮೋಟು ಒತ್ತಿದೆ. ಮೇಲೆತ್ತಿದ ಕೈಗಳೆಲ್ಲ ಹಾಗೇ ನಿಂತವು.

‘ಸಾಕು’ ಅಂತ ಎದ್ದಳು. ಅಪ್ಪೆಮಿಡಿಯ ಬಾಟಲಿಗೆ ಬಟ್ಟೆ ಸುತ್ತಿ ತಂದು ನನ್ನ ಚೀಲದಲ್ಲಿಟ್ಟಳು. ‘ಟಾರ್ಚು ಹಿಡಿದುಕೊಂಡು ಹೋಗು. ಸಂಕದ ಹತ್ತಿರ ಜಾರ್ತದೆ.’